ಖಾಲಿ ಮನೆಯ ಮುಂದಿನ ಚಪ್ಪಲಿಗಳು

ನನಗೆ ಜನರ ಮುಖಕ್ಕಿಂತ ಮೊದಲು ಅವರ ಮನೆಯ ಬಾಗಿಲು ಕಣ್ಣಿಗೆ ಬೀಳುತ್ತದೆ. ಎಂಥ ಬೀಗ, ಎಂಥ ಚಿಲಕ, ಗಂಟೆ ಒತ್ತಿದರೆ ಒಳಗಿನವರು ಪರದೆ ಸರಿಸಿ ಇಣುಕುತ್ತಾರೋ ಇಲ್ಲ ಸೀದಾ ಬಾಗಿಲು ತೆಗೆಯುತ್ತಾರೋ, ಇದನ್ನೆಲ್ಲ ಗಮನಿಸುವುದು ಕಸುಬಿನಿಂದ ಅಂಟಿದ ಚಟ. ನಾನು ಮಾಡಿದ ಸಾಕ್ಷ್ಯಚಿತ್ರಗಳೆಲ್ಲ ಒಂದೇ ಪ್ರಶ್ನೆಯ ಸುತ್ತ ತಿರುಗಿದವು: ಜನ ಯಾವುದಕ್ಕೆ ಹೆದರುತ್ತಾರೆ, ಹೆದರಿದಾಗ ಏನು ಮಾಡುತ್ತಾರೆ. ಏರ್‌ಪೋರ್ಟಿನ ತಪಾಸಣೆಯ ಸಾಲಿನಲ್ಲಿ ಬೆಲ್ಟು ಬಿಚ್ಚಿ ನಿಂತವರ ಬಗ್ಗೆ ಒಂದು, ಶಿಕಾಗೊದ ಕಂಬಗಳ ಮೇಲೆ ನೀಲಿ ದೀಪ ಮಿನುಗಿಸುವ ಪೊಲೀಸ್ ಕ್ಯಾಮೆರಾಗಳ ಬಗ್ಗೆ ಒಂದು, ಓಕ್ ಬ್ರೂಕ್ ಕಡೆಯ ಗೇಟು ಹಾಕಿದ ಬಡಾವಣೆಗಳ ಬಗ್ಗೆ ಇನ್ನೊಂದು. ಮೈಸೂರಿನಲ್ಲಿ ಅಮ್ಮನಿಗೆ ಇದನ್ನು ನೆಂಟರಿಗೆ ವಿವರಿಸುವುದೇ ಒಂದು ತಲೆನೋವು. ಸಿನಿಮಾ ಅಂದರೆ ಹೀರೋ ಯಾರು ಎಂದು ಕೇಳುತ್ತಾರೆ, ಕಳ್ಳರು ಪೊಲೀಸರು ಅಂದರೆ ಗಾಬರಿ ಬೀಳುತ್ತಾರೆ. ಕೊನೆಗೆ ಅಮ್ಮ, ಮಗಳು ಟೀವಿಯಲ್ಲಿದ್ದಾಳೆ ಎಂದಷ್ಟೇ ಹೇಳಿ ಕಾಫಿ ತರಲು ಎದ್ದುಬಿಡುತ್ತಿದ್ದಳು.

ರಿಸೆಷನ್ ಶುರುವಾದ ಮರುವರ್ಷ ಶಿಕಾಗೊದ ಒಂದು ಚಾನೆಲ್ಲಿನವರು ನನ್ನನ್ನು ಕರೆಸಿದರು. ಕೆಲಸ ಹೋದ ಊರುಗಳಲ್ಲಿ ಕಳ್ಳತನ ಹೆಚ್ಚಾಗಿ ಜನ ಹೇಗೆ ಜೀವ ಕೈಯಲ್ಲಿ ಹಿಡಿದುಕೊಂಡು ಬದುಕುತ್ತಿದ್ದಾರೆ ಎನ್ನುವುದರ ಚಿತ್ರ ಬೇಕು ಎಂದರು. ಊರನ್ನೂ ಅವರೇ ಹೇಳಿದರು: ಡೆಟ್ರಾಯ್ಟ್. ಉತ್ತರವನ್ನು ಮೊದಲೇ ಬರೆದಿಟ್ಟುಕೊಂಡು ಆಮೇಲೆ ಪ್ರಶ್ನೆ ಕೇಳುವವರನ್ನು ಕಂಡರೆ ನನಗೆ ಮೈಯೆಲ್ಲ ಉರಿಯುತ್ತದೆ. ಆದರೆ ಆ ವರ್ಷ ಬಂದ ಕೆಲಸವನ್ನು ಬೇಡ ಎನ್ನುವ ಧೈರ್ಯ ನಮ್ಮಲ್ಲಿ ಯಾರಿಗೂ ಇರಲಿಲ್ಲ. ಶಿಕಾಗೊ ಪಕ್ಕದ ಸ್ಕೋಕಿಯಲ್ಲಿದ್ದ ನನ್ನ ಅಪಾರ್ಟ್‌ಮೆಂಟಿಗೆ ಬೀಗ ಹಾಕಿ, ಕ್ಯಾಮೆರಾ, ಟ್ರೈಪಾಡ್, ಚಟ್ನಿಪುಡಿ ಡಬ್ಬಿ ಎಲ್ಲವನ್ನೂ ಕಾರಿಗೆ ತುಂಬಿಕೊಂಡು ಮಿಶಿಗನ್ ಕಡೆ ಹೊರಟೆ.

ಉಳಿದುಕೊಂಡದ್ದು ಡೆಟ್ರಾಯ್ಟಿನ ಹೊರಗಿನ ಫಾರ್ಮಿಂಗ್ಟನ್ ಹಿಲ್ಸ್‌ನಲ್ಲಿ, ಅಮ್ಮನ ಕಾಲೇಜು ಗೆಳತಿಯ ಮನೆಯಲ್ಲಿ. ಆಂಟಿಯದು ಬಾಯಿ ಜೋರು, ಕೈ ಧಾರಾಳ. ಅಂಕಲ್ ಒಂದು ಕಾರು ಕಂಪನಿಯಲ್ಲಿ ಬ್ರೇಕುಗಳನ್ನು ವಿನ್ಯಾಸ ಮಾಡುತ್ತಿದ್ದ ಎಂಜಿನಿಯರ್. ಆ ಬೇಸಿಗೆಯಲ್ಲಿ ಅವರ ವಿಭಾಗಕ್ಕೆ ವಿಭಾಗವನ್ನೇ ಮನೆಗೆ ಕಳಿಸಿದ್ದರು. ಕೆಲಸ ಹೋದ ಮೇಲೆ ಅವರು ಮೊದಲು ಮಾಡಿದ್ದು ಮನೆಯ ನಾಲ್ಕೂ ಮೂಲೆಗೆ ಕ್ಯಾಮೆರಾ ಜೋಡಿಸಿ, ಟೀವಿಯ ಪರದೆಯನ್ನು ನಾಲ್ಕು ಭಾಗ ಮಾಡಿ ಅದರ ಮುಂದೆ ಕೂತದ್ದು. ನಾನು ಹೋದ ದಿನವೂ ಕಣ್ಣಿಗೆ ಎಣ್ಣೆ ಬಿಟ್ಟುಕೊಂಡು ಹಿತ್ತಲನ್ನು ಕಾಯುತ್ತಿದ್ದರು.

"ಬೆಳಿಗ್ಗೆಯಿಂದ ಸಂಜೆ ತನಕ ಅಳಿಲಿಗೆ ಅಟೆಂಡೆನ್ಸ್ ಹಾಕ್ತಾರೆ ಕಣೆ," ಎಂದರು ಆಂಟಿ, ಅವರಿಗೆ ಕೇಳುವಂತೆಯೇ.

ಭಯಕ್ಕೆ ಕಾರಣ ಇರಲಿಲ್ಲ ಎಂದಲ್ಲ. ಆ ವರ್ಷ ಕನ್ನಡ ಕೂಟದವರು ಎಲ್ಲಿ ಸೇರಿದರೂ ಇದೇ ಮಾತು. ಇಂಡಿಯನ್ ಮನೆಗಳಲ್ಲಿ ಚಿನ್ನ ಇರುತ್ತದೆಂದು ಕಳ್ಳರಿಗೆ ಗೊತ್ತಾಗಿದೆ, ದೀಪಾವಳಿ ಊಟಕ್ಕೆ ಹೋಗಿ ಬರುವಷ್ಟರಲ್ಲಿ ಯಾರದೋ ಮನೆ ಗುಡಿಸಿ ಹಾಕಿದ್ದಾರೆ, ಹೀಗೆ. ಊರು ಕೊಳ್ಳೆ ಹೊಡೆದ ಮೇಲೆ ಕೋಟೆ ಬಾಗಿಲು ಹಾಕಿದಂತೆ ಎಲ್ಲರೂ ಅಲಾರ್ಮ್ ಹಾಕಿಸಿದರು. ಆಂಟಿಗೆ ಮಾತ್ರ ಯಂತ್ರಗಳ ಮೇಲೆ ನಂಬಿಕೆ ಇಲ್ಲ. ಮನೆ ಬಿಟ್ಟು ಹೊರಡುವಾಗ ಮುಂಬಾಗಿಲ ಎದುರು ಚಪ್ಪಲಿ, ಬೂಟುಗಳನ್ನು ಸಾಲಾಗಿ ಇಟ್ಟು ಹೋಗುತ್ತಿದ್ದರು. ಕಳ್ಳನಾದವನು ಮೊದಲು ನೋಡುವುದು ಚಪ್ಪಲಿಯನ್ನು, ಇಷ್ಟೊಂದು ಕಾಲುಗಳಿರುವ ಮನೆಗೆ ಯಾರು ನುಗ್ಗುತ್ತಾರೆ ಎನ್ನುವುದು ಅವರ ಸಿದ್ಧಾಂತ. ನಾನು ಇಬ್ಬರನ್ನೂ ಚಿತ್ರೀಕರಿಸಿಕೊಂಡೆ, ಇಬ್ಬರನ್ನೂ ನೋಡಿ ನಕ್ಕೆ.

ಅಂಕಲ್ ಮತ್ತು ಅವರ ಸ್ನೇಹಿತರೆಲ್ಲ ನನಗೆ ಕೊಟ್ಟ ಬುದ್ಧಿವಾದ ಒಂದೇ: ಹೈವೇಯಲ್ಲಿ ಡೆಟ್ರಾಯ್ಟ್ ಊರೊಳಗಿನ ಎಕ್ಸಿಟ್‌ಗಳು ಬಂದರೆ ಇಳಿಯಬೇಡ. ಇಪ್ಪತ್ತೈದು ವರ್ಷದಿಂದ ಆ ಊರಿನ ಹೆಸರು ಹೇಳಿಕೊಂಡೇ ಬದುಕಿದವರು ಅದರ ಒಂದು ಬೀದಿಯಲ್ಲೂ ನಡೆದಿರಲಿಲ್ಲ. ನನಗೆ ಸಿಟ್ಟು ಬಂತು. ಸಿಟ್ಟು ಬಂದಾಗ ನಾನು ಚೆನ್ನಾಗಿ ಕೆಲಸ ಮಾಡುತ್ತೇನೆ.

ಡಿಸೆಂಬರಿನ ಒಂದು ಬೆಳಿಗ್ಗೆ ಅಂಥದೇ ಒಂದು ಎಕ್ಸಿಟ್‌ನಲ್ಲಿ ಇಳಿದು ಕಾರನ್ನು ನಿಧಾನ ಓಡಿಸುತ್ತಿದ್ದೆ. ಇಟ್ಟಿಗೆಯ ಎರಡಂತಸ್ತಿನ ಹಳೆಯ ಮನೆಗಳ ಬೀದಿ, ಪ್ರತಿ ಮನೆಗೂ ಮುಂದೆ ಮಾಡು ಇಳಿಸಿದ ಜಗಲಿ. ರಾತ್ರಿ ಹಿಮ ಬಿದ್ದಿತ್ತು. ಒಬ್ಬ ಹೆಂಗಸು ತನ್ನ ಕಾರನ್ನು ಒಂದು ಮನೆಯ ಡ್ರೈವ್‌ವೇಯಿಂದ ತೆಗೆದು ಪಕ್ಕದ ಮನೆಯ ಡ್ರೈವ್‌ವೇಗೆ ಹಾಕಿದಳು. ಇಳಿದು, ಹಿಮದ ಮೇಲೆ ಧಪಧಪ ಹೆಜ್ಜೆ ಹಾಕಿ ಬಾಗಿಲ ತನಕ ಹೋದಳು. ಒಳಗೆ ಹೋಗದೆ ಅಲ್ಲಿಂದ ಹಿಂತಿರುಗಿದಳು. ಬಾಗಿಲ ಹುಚ್ಚಿನವಳಾದ ನನಗೆ ಇದಕ್ಕಿಂತ ಬೇಕೇ? ಕಾರು ನಿಲ್ಲಿಸಿ ಹತ್ತಿರ ಹೋದೆ. ನೀನು ಮನೆ ಜಪ್ತಿಗೆ ಬಂದ ಬ್ಯಾಂಕಿನವಳಾ ಎಂದು ಆಕೆಯೇ ಮೊದಲು ಕೇಳಿದಳು. ಅಲ್ಲ, ಸಾಕ್ಷ್ಯಚಿತ್ರ ಮಾಡುವವಳು ಎಂದೆ. ಅದು ಬ್ಯಾಂಕಿಗಿಂತ ಕಡೆ ಎಂದಳು. ಆದರೂ ಒಳಗೆ ಕರೆದು ಕಾಫಿ ಕೊಟ್ಟಳು.

ಆಕೆ ಕಾರು ಕಾರ್ಖಾನೆಯಲ್ಲಿ ದುಡಿದು ನಿವೃತ್ತಳಾದ ಆಫ್ರಿಕನ್ ಅಮೆರಿಕನ್ ಹೆಂಗಸು. ಎತ್ತರದ ಆಳು, ಗಂಡಸರ ಬೂಟು ಹಾಕುತ್ತಿದ್ದಳು, ಯಾರು ಏನು ಮಾಡಬೇಕೆಂದು ಹೇಳುವುದರಲ್ಲಿ ಎತ್ತಿದ ಕೈ. ನಾನು ಮನಸ್ಸಿನಲ್ಲೇ ಅವಳಿಗೆ ಕಾವಲಿನಾಕೆ ಎಂದು ಹೆಸರಿಟ್ಟೆ. ಪಕ್ಕದ ಮನೆ ಅವಳ ಗೆಳತಿಯದು. ಇಬ್ಬರೂ ಒಂದೇ ಕಾರ್ಖಾನೆಯಲ್ಲಿ ದುಡಿದು, ಒಬ್ಬರ ಮಕ್ಕಳನ್ನು ಒಬ್ಬರು ನೋಡಿಕೊಂಡು ಬೆಳೆಸಿದವರು. ಕಾರ್ಖಾನೆ ಮುಚ್ಚಿದಾಗ ಗೆಳತಿಗೆ ಇನ್ನೂ ನಿವೃತ್ತಿಯ ವಯಸ್ಸಾಗಿರಲಿಲ್ಲ. ಕೆಲಸ ಹುಡುಕಿಕೊಂಡು ಒಹಾಯೋದಲ್ಲಿದ್ದ ತಂಗಿಯ ಮನೆಗೆ ಹೋದಳು. ಮನೆ ಕೊಳ್ಳುವವರು ಯಾರೂ ಬರಲಿಲ್ಲ. ಮೊದಮೊದಲು ಪ್ರತಿ ಭಾನುವಾರ ಫೋನು ಮಾಡುತ್ತಿದ್ದವಳು, ಆ ಮನೆ ಸತ್ತಿತು ಅಂದುಕೊಂಡುಬಿಡು ಎಂದು ಒಂದು ದಿನ ಹೇಳಿ, ಆಮೇಲೆ ಇವಳು ಫೋನು ಮಾಡಿದರೂ ಎತ್ತದಾದಳು.

ಕಾವಲಿನಾಕೆ ಹಾಗೆ ಅಂದುಕೊಳ್ಳಲು ಒಪ್ಪಲಿಲ್ಲ. ಮನೆ ಖಾಲಿ ಎಂದು ಗೊತ್ತಾದರೆ ಸಾಕು, ಗುಜರಿಯವರು ರಾತ್ರೋರಾತ್ರಿ ಗೋಡೆ ಒಡೆದು ತಾಮ್ರದ ಪೈಪು, ವೈರು ಕಿತ್ತುಕೊಂಡು ಹೋಗುತ್ತಾರೆ. ಪೈಪು ಹೋದ ಮನೆಯನ್ನು ರಿಪೇರಿ ಮಾಡಿಸುವ ಶಕ್ತಿ ಯಾರಿಗೂ ಇಲ್ಲ, ನಗರಸಭೆಯವರು ಬಂದು ಕೆಡವಿಹಾಕುತ್ತಾರೆ. ಬೀದಿಯ ಆ ತುದಿಯಲ್ಲಿ ಹಾಗೆಯೇ ಮನೆಗಳು ಹಲ್ಲುದುರಿದಂತೆ ಹೋಗಿದ್ದವು. ಅದಕ್ಕೇ ಆಕೆ ಬೇಸಿಗೆಯಲ್ಲಿ ಗೆಳತಿಯ ಹುಲ್ಲು ಕತ್ತರಿಸುತ್ತಿದ್ದಳು, ಕಿಟಕಿಯ ಪರದೆ ಬದಲಾಯಿಸುತ್ತಿದ್ದಳು, ತನ್ನ ಮನೆಯಿಂದ ಉದ್ದನೆಯ ವೈರು ಎಳೆದು ಅಲ್ಲೊಂದು ದೀಪ ಉರಿಸುತ್ತಿದ್ದಳು, ಚಳಿಗಾಲದಲ್ಲಿ ಮನೆ ಮುಂದಿನ ಹಿಮ ಎತ್ತಿ ಮೆಟ್ಟಿಲ ಮೇಲೆ ಹೆಜ್ಜೆ ಮೂಡಿಸುತ್ತಿದ್ದಳು. ಒಳಗೆ ಯಾರೋ ಇದ್ದಾರೆ ಎಂದೇ ಬೀದಿಯವರೂ ನಂಬಿದ್ದರು. ಗೆಳತಿ ವಾಪಸು ಬರುವ ತನಕ ಮನೆ ನಿಂತಿರಬೇಕು. ಬರುತ್ತಾಳೆಯೇ ಎಂದು ನಾನು ಕೇಳಿದೆ. ಆಕೆ ನನ್ನ ಲೋಟಕ್ಕೆ ಇನ್ನಷ್ಟು ಕಾಫಿ ಸುರಿದಳು.

ಚಿತ್ರೀಕರಣಕ್ಕೆ ಒಂದು ಷರತ್ತು ಹಾಕಿದಳು. ಆ ಮನೆಯ ಮುಂಭಾಗ ಕ್ಯಾಮೆರಾದಲ್ಲಿ ಬರಕೂಡದು, ಬೀದಿಯಲ್ಲಿ ಯಾರಿಗೂ ನಾನು ಬಾಯಿ ಬಿಡಕೂಡದು. ಒಪ್ಪಿಕೊಂಡೆ. ಹೀಗಾಗಿ ಆ ಚಳಿಗಾಲ ನಾನು ಒಳಗಿನಿಂದ ಹೊರಗೆ ನೋಡುತ್ತ ಚಿತ್ರ ತೆಗೆದೆ: ಪರದೆಯ ಸಂದಿನಲ್ಲಿ ಕಾಣುವ ಬೀದಿ, ದೀಪ ಹಚ್ಚುವ ಕೈ, ಖಾಲಿ ಕೋಣೆಯಲ್ಲಿ ಬಿದ್ದ ಬಿಸಿಲು. ಶಿಕಾಗೊದಿಂದ ಚಾನೆಲ್ಲಿನವನು ಫೋನು ಮಾಡಿ ಭಯ ಎಲ್ಲಿ ಎಂದು ಕೇಳಿದಾಗಲೆಲ್ಲ, ಬರುತ್ತಿದೆ ತಡಿಯಪ್ಪ ಎನ್ನುತ್ತಿದ್ದೆ.

ಷರತ್ತು ಆ ಬೀದಿಯವರಿಗೆ ಮಾತ್ರ ಎಂದು ಅರ್ಥ ಮಾಡಿಕೊಂಡು ಆಂಟಿಯ ಮುಂದೆ ಊಟಕ್ಕೆ ಕೂತಾಗ ಎಲ್ಲವನ್ನೂ ಹೇಳಿದೆ. ಆಂಟಿ ಸೌಟು ಕೆಳಗಿಟ್ಟರು. ಇಷ್ಟೆಲ್ಲ ಮಾಡುವವಳಿಗೆ ಚಪ್ಪಲಿಯ ಉಪಾಯ ಹೊಳೆದಿಲ್ಲವಲ್ಲ ಎಂದು ಮರುಗಿದರು. ಮುಂದಿನ ವಾರವಿಡೀ ಕೂಟದ ಮನೆಗಳಿಗೆಲ್ಲ ಫೋನು ಹೋಯಿತು. ಯಾಕೆ ಏನು ಎಂದು ಹೇಳದೆಯೇ ಒಂದು ದೊಡ್ಡ ಕಸದ ಚೀಲ ತುಂಬ ಪಾದರಕ್ಷೆ ಸಂಗ್ರಹಿಸಿದರು. ಮಕ್ಕಳಿಗೆ ಚಿಕ್ಕದಾದ ಶೂಗಳು, ಮದುವೆಗೆ ತೆಗೆದುಕೊಂಡು ಆಮೇಲೆ ಕಚ್ಚಿದ ಹೈಹೀಲ್ಡ್‌ಗಳು, ಹವಾಯಿ, ಕೊಲ್ಹಾಪುರಿ. ಅಂಕಲ್ ಟೀವಿ ಬಿಟ್ಟೆದ್ದು ಬಂದು ತಮ್ಮ ಆಫೀಸಿನ ಬೂಟನ್ನೂ ಚೀಲಕ್ಕೆ ಹಾಕಿದರು. ಆಂಟಿ ಅದನ್ನು ತೆಗೆದು ಒರೆಸಿ ಕಪಾಟಿನಲ್ಲಿಟ್ಟರು.

ಜನವರಿಯ ಒಂದು ಭಾನುವಾರ ನಾನು ಆಂಟಿಯನ್ನು ಕರೆದುಕೊಂಡು ಆ ಎಕ್ಸಿಟ್‌ನಲ್ಲಿ ಇಳಿದೆ. ಅವರು ಸೀಟ್ ಬೆಲ್ಟನ್ನು ಗಟ್ಟಿಯಾಗಿ ಹಿಡಿದುಕೊಂಡಿದ್ದರು. ಬೀದಿಗೆ ಬಂದ ಮೇಲೆ, ಅಯ್ಯೋ, ನಮ್ಮ ಮನೆಗಿಂತ ಚೆನ್ನಾಗಿವೆ ಎಂದು ಕೈ ಸಡಿಲಿಸಿದರು. ಕಾವಲಿನಾಕೆ ಚರ್ಚಿಗೆ ಹೋಗಿದ್ದಳು. ಅವಳು ಬರಲಿ, ಕೇಳಿ ಇಡೋಣ ಎಂದೆ. ಈ ಬೀದಿಯಲ್ಲಿ ಯಾರೂ ಚಪ್ಪಲಿ ಹೊರಗೆ ಬಿಡುವುದಿಲ್ಲ ಎಂದೂ ಹೇಳಿ ನೋಡಿದೆ.

"ಚಪ್ಪಲಿ ಎಲ್ಲಾ ಕಡೇನೂ ಚಪ್ಪಲೀನೇ ಕಣಮ್ಮ. ಮನೇಲಿ ಜನ ಇದಾರೆ ಅಂತ ಅದಕ್ಕೆ ಅರ್ಥ," ಎಂದು ಆಂಟಿ ಮೆಟ್ಟಿಲು ಹತ್ತಿಯೇಬಿಟ್ಟರು. ಸತ್ಯನಾರಾಯಣ ಪೂಜೆಯ ದಿನ ಇರುವ ಹಾಗೆ ಒಂದರ ಮೇಲೊಂದು ಬಿದ್ದಂತೆ, ಆದರೆ ನೋಡುವವರಿಗೆ ಪ್ರತಿಯೊಂದೂ ಕಾಣುವಂತೆ ಜಗಲಿಯ ತುಂಬ ಜೋಡಿಸಿದರು. ಪರ್ಸಿನಿಂದ ಅಕ್ಕಿಹಿಟ್ಟಿನ ಪೊಟ್ಟಣ ತೆಗೆದು ಬಾಗಿಲ ಮುಂದೆ ಪುಟ್ಟ ರಂಗೋಲಿಯನ್ನೂ ಎಳೆದರು. ಹತ್ತು ಡಿಗ್ರಿ ಫ್ಯಾರನ್‌ಹೀಟ್, ನೀರು ಕಲ್ಲಾಗುವ ಚಳಿಯಲ್ಲಿ ಹವಾಯಿ ಚಪ್ಪಲಿಗಳ ಆ ವೈಭವ ನೋಡಿ ನನಗೆ ನಗು ತಡೆಯಲಾಗಲಿಲ್ಲ.

ಸಂಜೆ ಕಾವಲಿನಾಕೆಯ ಫೋನು ಬಂತು. ನೀನು ಏನು ಮಾಡಿಟ್ಟಿದ್ದೀಯ ಎಂದು ಶುರು ಮಾಡಿದವಳು ಉಸಿರು ತೆಗೆದುಕೊಳ್ಳಲಿಲ್ಲ. ಚರ್ಚಿನಿಂದ ಬರುತ್ತಿದ್ದ ಇಡೀ ಬೀದಿ ಆ ಜಗಲಿಯನ್ನು ನೋಡಿತ್ತು. ಯಾವುದೋ ದೂರ ದೇಶದ ದೊಡ್ಡ ಸಂಸಾರ ಬಂದು ಸೇರಿಕೊಂಡಿದೆ ಎಂದು ಎಲ್ಲರೂ ತೀರ್ಮಾನಿಸಿದ್ದರು. ಎದುರು ಮನೆಯವರು ಹೊಸಬರಿಗೆಂದು ಪೈ ಮಾಡಿ ತಂದು ಬಾಗಿಲು ಬಡಿದರು, ಯಾರೂ ತೆಗೆಯಲಿಲ್ಲ. ಈ ಚಳಿಯಲ್ಲಿ ರಬ್ಬರ್ ಚಪ್ಪಲಿ ಹಾಕುವ ಮಕ್ಕಳು ಎಂದು ಮರುಗಿ ಚರ್ಚಿನ ಪಾದ್ರಿ ಉಣ್ಣೆಯ ಕೋಟುಗಳನ್ನು ಕೂಡಿಹಾಕಲು ಹೊರಟಿದ್ದರು. ಅದು ಖಾಲಿ ಮನೆ ಎಂದು ಹೇಳೋಣ ಎಂದರೆ ಇಷ್ಟು ದಿನ ಕಾಪಾಡಿದ ಗುಟ್ಟೇ ರಟ್ಟಾಗುತ್ತದೆ. ಕಾವಲಿನಾಕೆಗೆ ಉಗುಳಲೂ ಆಗದ, ನುಂಗಲೂ ಆಗದ ಬಿಸಿತುಪ್ಪ. ಕೊನೆಗೆ, ಪಾಪ ಅವರು ಬಹಳ ಸಂಕೋಚದ ಜನ, ರಾತ್ರಿ ಪಾಳಿ ಮಾಡಿ ಹಗಲು ಮಲಗುತ್ತಾರೆ ಎಂದುಬಿಟ್ಟಳಂತೆ. ಜಾಣೆ. ಆದರೆ ಸುದ್ದಿಗೆ ಕಾಲು ಬಂದಾಗಿತ್ತು.

ಆ ಕಾಲು ಒಹಾಯೋ ತನಕ ನಡೆಯಿತು. ಚರ್ಚಿನಲ್ಲಿ ಯಾರದೋ ನಂಟರು, ಅವರಿಗೆ ಗೊತ್ತಿರುವ ಇನ್ಯಾರೋ, ಅಂತೂ ಮನೆಯ ಒಡತಿಯ ಕಿವಿಗೆ ಬಿತ್ತು: ನಿನ್ನ ಮನೆಯಲ್ಲಿ ಒಂದು ಡಜನ್ ಜನ ಸೇರಿಕೊಂಡಿದ್ದಾರೆ. ವರ್ಷದ ಮೇಲಾಗಿತ್ತು ಅವಳು ಗೆಳತಿಯ ಫೋನು ಎತ್ತಿ. ಈಗ ತಾನಾಗಿಯೇ ಮಾಡಿದಳು.

ಮರುದಿನ ನಾನು ಹೋದಾಗ ಕಾವಲಿನಾಕೆ ಅಡುಗೆಮನೆಯಲ್ಲಿ ಕೂತಿದ್ದಳು. ನನ್ನ ಮನೆಯಲ್ಲಿ ಯಾರಿರೋದು ಎಂದು ಗೆಳತಿ ಕಿರುಚಿದಳಂತೆ. ಇವಳು, ಬಂದು ನೋಡು ಎಂದಷ್ಟೇ ಹೇಳಿ ಇಟ್ಟುಬಿಟ್ಟಳಂತೆ.

"ಮನೆ ಖಾಲಿ ಇದೆ ಬಾ ಅಂದ್ರೆ ಅವಳು ಬರಲಿಲ್ಲ. ತುಂಬಿದೆ ಅಂದ್ರೆ ಬರ್ತಾಳೆ," ಎಂದಳು ನನಗೆ.

ಹೇಳಿದ ಮಾತು ಧೈರ್ಯದ್ದು, ಆದರೆ ಕಾಫಿ ಮುಟ್ಟದೆ ಕಿಟಕಿಯಾಚೆ ಪಕ್ಕದ ಮನೆಯನ್ನೇ ನೋಡುತ್ತಿದ್ದಳು. ಬರುವುದೇನೋ ಸರಿ, ಬಂದು ಒಂದು ಸಲ ನೋಡಿ, ಋಣ ತೀರಿತು ಎಂದು ಬೀಗದ ಕೈ ಬಿಸಾಕಿ ಹೋದರೆ? ಇಷ್ಟು ದಿನ ಮನೆ ಕಾಯುತ್ತೇನೆ ಎಂಬ ನೆಪದಲ್ಲಿ ಆಕೆ ಗೆಳತಿಯನ್ನೇ ಕಾಯುತ್ತಿದ್ದಳು ಎಂದು ನನಗೆ ಆಗ ತಿಳಿಯಿತು. ಮನೆ ನೋಡಿಯೂ ಹೊರಟುಹೋದರೆ ಆಮೇಲೆ ಕಾಯಲು ಏನೂ ಉಳಿಯುವುದಿಲ್ಲ.

ಶನಿವಾರ ಒಡತಿ ಬರುವುದೆಂದಾಯಿತು. ನಾನು ಹೇಳಿದ್ದನ್ನು ಕೇಳಿ, ತಾವು ಮಾಡಿದ ಎಡವಟ್ಟಿಗೆ ತಾವೇ ಕ್ಷಮೆ ಕೇಳಬೇಕೆಂದು ಆಂಟಿ ಒಂದು ಡಬ್ಬಿ ಪುಳಿಯೋಗರೆ ಕಲಸಿಕೊಂಡು ಹೊರಟರು. ಆ ಎಕ್ಸಿಟ್‌ನಲ್ಲಿ ಹೆಂಡತಿ ಇಳಿದು ಬಂದದ್ದನ್ನು ಕೇಳಿದ ಮೇಲೆ ಅಂಕಲ್‌ಗೂ ಸುಮ್ಮನಿರಲಾಗಲಿಲ್ಲ. ದೀಪ ತಾನಾಗಿ ಹತ್ತಿ ಆರುವಂತೆ ಒಂದು ಟೈಮರ್ ಜೋಡಿಸಿಕೊಡುತ್ತೇನೆ ಎಂದು ಸ್ಕ್ರೂಡ್ರೈವರ್ ಜೇಬಿಗೆ ಹಾಕಿಕೊಂಡರು. ಅವರು ಹಗಲು ಹೊತ್ತಿನಲ್ಲಿ ಆ ಟೀವಿಯ ಮುಂದಿನಿಂದ ಎದ್ದು ಹೊರಗೆ ಬಂದದ್ದನ್ನು ನಾನು ಅಂದೇ ನೋಡಿದ್ದು.

ಲೆಕ್ಕ ತಪ್ಪಿತು. ಒಹಾಯೋದ ಕಾರು ಹೇಳಿದ್ದಕ್ಕಿಂತ ಬೇಗ ಬಂತು. ಆ ಹೊತ್ತಿಗೆ ಜಗಲಿಯಲ್ಲಿ ಅಂಕಲ್ ಬಾಗಿಲ ಪಕ್ಕ ವೈರು ಹಿಡಿದು ನಿಂತಿದ್ದರು, ಆಂಟಿ ಚಪ್ಪಲಿಗಳನ್ನು ಚೀಲಕ್ಕೆ ತುಂಬುತ್ತಿದ್ದರು, ನಾನು ಕ್ಯಾಮೆರಾ ಹಿಡಿದು ಬಾಗಿಲೊಳಗಿದ್ದೆ. ಕಾರಿನಿಂದ ಇಳಿದವಳು ಗಿಡ್ಡಗಿನ, ದುಂಡು ಮುಖದ ಹೆಂಗಸು. ಜಗಲಿಯನ್ನು, ಚಪ್ಪಲಿಯನ್ನು, ನಮ್ಮ ಮೂವರನ್ನು ನೋಡಿದಳು. ಕೇಳಿದ್ದೆಲ್ಲ ನಿಜ ಎಂದು ಅವಳಿಗೆ ಖಾತ್ರಿಯಾಗಿರಬೇಕು. ಇದು ನನ್ನ ಮನೆ, ಸಾಮಾನು ಕಟ್ಟಿಕೊಂಡು ಈಗಲೇ ಹೊರಡಿ ಎಂದು ಬೀದಿಯಲ್ಲೇ ನಿಂತು ಗುಡುಗಿದಳು. ಅಂಕಲ್ ಸ್ಕ್ರೂಡ್ರೈವರ್ ಸಮೇತ ಎರಡೂ ಕೈ ಮೇಲೆತ್ತಿದರು. ಅವರ ನಾಲ್ಕು ಕ್ಯಾಮೆರಾಗಳು ಇಂಥ ಪ್ರಸಂಗಕ್ಕೆ ಅವರನ್ನು ತಯಾರು ಮಾಡಿರಲಿಲ್ಲ.

ಆಂಟಿ ಮಾತ್ರ ಮೆಟ್ಟಿಲು ಇಳಿದು ಅವಳ ಎದುರು ನಿಂತರು. ತಮ್ಮ ಮೈಸೂರು ಇಂಗ್ಲಿಷಿನಲ್ಲಿ, "ಮನೆ ನಿಮ್ದೇ ಕಣಮ್ಮ. ಚಪ್ಪಲಿ ಮಾತ್ರ ನಮ್ದು," ಎಂದರು.

ಅಷ್ಟರಲ್ಲಿ ಪಕ್ಕದ ಮನೆಯಿಂದ ಕಾವಲಿನಾಕೆ ಕೋಟೂ ಹಾಕಿಕೊಳ್ಳದೆ ಓಡಿಬಂದಳು. ಗೆಳತಿಯರಿಬ್ಬರೂ ಒಬ್ಬರನ್ನೊಬ್ಬರು ನೋಡುತ್ತ ನಿಂತರು. ಅಪ್ಪಿಕೊಳ್ಳಲಿಲ್ಲ.

"ಒಳಗೆ ಎಷ್ಟು ಜನ ಇದಾರೆ?" ಎಂದು ಕೇಳಿದಳು ಒಡತಿ.

"ಯಾರೂ ಇಲ್ಲ."

"ಮತ್ತೆ ಇಷ್ಟು ದಿನ?"

"ನಾನಿದ್ದೆ," ಎಂದಳು ಕಾವಲಿನಾಕೆ.

ಒಡತಿ ನಮ್ಮನ್ನು ದಾಟಿಕೊಂಡು ಒಳಗೆ ಹೋದಳು. ನಾವೆಲ್ಲ ಹಿಂದೆ ಹಿಂದೆ ಹೋದೆವು, ಹೆಣ್ಣು ನೋಡಲು ಬಂದವರ ಹಿಂದೆ ಮನೆಯವರು ಸುಳಿಯುವ ಹಾಗೆ. ಆಕೆ ಒಂದೊಂದೇ ಕೋಣೆಯ ಗೋಡೆಯ ಮೇಲೆ ಕೈಯಾಡಿಸಿದಳು. ಎಲ್ಲೂ ತೂತಿಲ್ಲ. ಬಚ್ಚಲಲ್ಲಿ ಬಗ್ಗಿ ಪೈಪುಗಳನ್ನು ಮುಟ್ಟಿ ನೋಡಿದಳು. ಎಲ್ಲ ಇದ್ದ ಹಾಗೇ ಇದ್ದವು. ಅವಳ ಮುಖದಲ್ಲಿ ಸಿಟ್ಟು ಇಳಿದು ಇನ್ನೇನೋ ಬರುತ್ತಿತ್ತು, ಅದು ದುಃಖವೋ ನಾಚಿಕೆಯೋ ನನಗೆ ತಿಳಿಯಲಿಲ್ಲ. ಕಾವಲಿನಾಕೆ ಮಹಡಿ ಮೆಟ್ಟಿಲ ಹತ್ತಿರವೇ ನಿಂತಿದ್ದಳು, ಮುಂದೆ ಬರಲಿಲ್ಲ. ಆಂಟಿ ಪುಳಿಯೋಗರೆ ಡಬ್ಬಿಯನ್ನು ಎದೆಗೆ ಅವುಚಿಕೊಂಡು ಮನಸ್ಸಿನಲ್ಲೇ ಯಾವುದೋ ಸ್ತೋತ್ರ ಹೇಳಿಕೊಳ್ಳುತ್ತಿದ್ದರು, ತುಟಿ ಅಲುಗುತ್ತಿತ್ತು.

ಕೊನೆಗೆ ಒಡತಿ ಅಡುಗೆಮನೆಗೆ ಬಂದಳು. ತಲೆಯೆತ್ತಿ, ಸೂರಿನ ಮೂಲೆಯಲ್ಲಿ ತೇವಕ್ಕೆ ಕಂದಿದ ಜಾಗವನ್ನು ನೋಡಿದಳು.

"ಈಸ್ಟರ್ ಒಳಗೆ ಇದಕ್ಕೆ ಬಣ್ಣ ಹೊಡೀಬೇಕು," ಎಂದಳು.

ಕಾವಲಿನಾಕೆ ಅಲ್ಲೇ ಮೆಟ್ಟಿಲ ಮೇಲೆ ಕೂತಳು. ಅಂಕಲ್‌ಗೆ ಏನೂ ಅರ್ಥವಾಗದೆ, ಯಾವ ಬಣ್ಣ ಎಂದು ಕೇಳಿದರು. ಆಂಟಿ ಅವರ ಮೊಣಕೈ ಜಿಗುಟಿದರು. ಭಯದ ಮೇಲೆ ಇಷ್ಟು ವರ್ಷ ಚಿತ್ರ ತೆಗೆದವಳಿಗೆ, ಒಂದು ಸೂರಿಗೆ ಬಣ್ಣ ಹೊಡೆಯುವ ಮಾತು ಕೇಳಿ ಅಷ್ಟು ಸಂತೋಷವಾದದ್ದು ಹಿಂದೆಂದೂ ಇಲ್ಲ.

ಕೆಲಸದ ಮಾತು ಆಮೇಲೆ ಬಂತು. ಇಲ್ಲಿ ಏನಾದರೂ ಸಿಗುವ ತನಕ ವಾರದ ಮಧ್ಯೆ ಒಹಾಯೋಗೆ ಓಡಾಡಿಕೊಂಡಿರುತ್ತೇನೆ ಎಂದಳು ಒಡತಿ. ಎಲ್ಲರೂ ಪುಳಿಯೋಗರೆ ತಿಂದೆವು. ಖಾರ ಅವಳ ನೆತ್ತಿಗೇರಿತು. ನೀರು ಕುಡಿದು ಕಣ್ಣೊರೆಸಿಕೊಂಡು, ನಿನಗೆ ಏನು ಕೊಟ್ಟರೂ ತೀರುವುದಿಲ್ಲ ಎಂದು ಗೆಳತಿಯ ಕಡೆ ತಿರುಗಿದಳು.

"ತೀರುತ್ತೆ," ಎಂದಳು ಕಾವಲಿನಾಕೆ. "ನಿನ್ನ ಮನೆ ಮುಂದಿನ ಹಿಮ ಎರಡು ಚಳಿಗಾಲ ನಾನೆತ್ತಿದೀನಿ. ನಾಳೆಯಿಂದ ನಂದೂ ಸೇರಿಸಿ ನೀನೇ ಎತ್ತು."

ಆ ರಾತ್ರಿ ಮತ್ತೆ ಹಿಮ ಬಿತ್ತು. ಬೆಳಿಗ್ಗೆ ನಾನು ಹೋದಾಗ ಒಡತಿ ದೊಡ್ಡ ಸಲಿಕೆ ಹಿಡಿದು ಎರಡೂ ಮನೆಗಳ ಮುಂದಿನ ಹಿಮ ಎತ್ತುತ್ತ, ಇಡೀ ಬೀದಿಗೆ ಕೇಳುವಂತೆ ಗೆಳತಿಯನ್ನು ಬೈಯುತ್ತಿದ್ದಳು. ಪಕ್ಕದ ಮನೆಯ ಪರದೆ ಇನ್ನೂ ಎಳೆದೇ ಇತ್ತು. ಬಿಸಿಲು ಏರಿದ್ದರೂ ಕಾವಲಿನಾಕೆ ಮಲಗಿದ್ದಳು.